ಡಾಕ್ಟರಿಲ್ಲದ ಊರಿಗೆ ಆಂಬುಲೆನ್ಸ್ ಉತ್ತರವಲ್ಲ

ಹಳ್ಳಿ ಡಾಕ್ಟರ ಕಾಲ ಮುಗಿಯಿತು ಎಂಬ ಮಾತನ್ನು ಈಗ ಯಾರೂ ಪ್ರಶ್ನಿಸುವುದೇ ಇಲ್ಲ. ಅರಳಿಕಟ್ಟೆಯ ಮೇಲೆ ಕೂತವರು ಹೇಳುತ್ತಾರೆ, ಊರು ಬಿಟ್ಟು ಬೆಂಗಳೂರು ಸೇರಿದವರು ಹೇಳುತ್ತಾರೆ. ಸರ್ಕಾರ ಬಾಯಿಬಿಟ್ಟು ಹೇಳದಿದ್ದರೂ ಹಣ ಹಂಚುವ ರೀತಿಯಲ್ಲಿ ಅದನ್ನೇ ಹೇಳುತ್ತದೆ. ವಾದ ಹೀಗಿದೆ: ಊರೂರಿಗೂ ಡಾಂಬರು ರಸ್ತೆಯಾಗಿದೆ. 108ಕ್ಕೆ ಫೋನ್ ಮಾಡಿದರೆ ಆಂಬುಲೆನ್ಸ್ ಮನೆ ಬಾಗಿಲಿಗೆ ಬರುತ್ತದೆ. ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿ ತನಕ ಚಿಕಿತ್ಸೆಗೆ ಕಾರ್ಡ್ ಇದೆ. ಹೆಚ್ಚಿನ ಜಿಲ್ಲೆಗಳಲ್ಲಿ ಮೆಡಿಕಲ್ ಕಾಲೇಜೇ ಇದೆ. ಇಷ್ಟೆಲ್ಲ ಇರುವಾಗ ಒಬ್ಬ ಎಂಬಿಬಿಎಸ್ ಡಾಕ್ಟರು ಹಳ್ಳಿಯಲ್ಲಿ ಕೂತು ಜ್ವರಕ್ಕೆ ಮಾತ್ರೆ ಕೊಟ್ಟು ಆಗುವುದೇನು? ದೊಡ್ಡ ಕಾಯಿಲೆಗೆ ದೊಡ್ಡ ಆಸ್ಪತ್ರೆ, ಸಣ್ಣ ಕಾಯಿಲೆಗೆ ಮೆಡಿಕಲ್ ಶಾಪು.

ಬಿಡಿಬಿಡಿಯಾಗಿ ನೋಡಿದರೆ ಇದರಲ್ಲಿ ಹೆಚ್ಚಿನ ಮಾತು ನಿಜವೇ. ಒಟ್ಟು ತೀರ್ಮಾನ ಮಾತ್ರ ತಪ್ಪು. ಬರೀ ತಪ್ಪಾಗಿದ್ದರೆ ಸುಮ್ಮನಿರಬಹುದಿತ್ತು. ಆದರೆ ಈ ತೀರ್ಮಾನದ ಮೇಲೆ ನಾವು ಇಡೀ ಆರೋಗ್ಯ ವ್ಯವಸ್ಥೆಯನ್ನು ಕಟ್ಟಿ ನಿಲ್ಲಿಸಿದ್ದೇವೆ, ಮತ್ತು ಆ ವ್ಯವಸ್ಥೆ ಈಗ ರೋಗಿಯನ್ನು ಸಾಗಿಸುವ ಕೆಲಸವನ್ನಷ್ಟೇ ಮಾಡುತ್ತಿದೆ. ಪ್ರಾಥಮಿಕ ಆರೋಗ್ಯ ಕೇಂದ್ರದಿಂದ (ಪಿಎಚ್‌ಸಿ) ತಾಲ್ಲೂಕು ಆಸ್ಪತ್ರೆಗೆ, ಅಲ್ಲಿಂದ ಜಿಲ್ಲೆಗೆ, ಜಿಲ್ಲೆಯಿಂದ ಮಂಗಳೂರಿಗೋ ಬೆಂಗಳೂರಿಗೋ. ಪ್ರತಿ ಮೆಟ್ಟಿಲಲ್ಲೂ ಚೀಟಿಯ ಮೇಲೆ ಒಂದೇ ಪದ: ರೆಫರ್. ಈ ಮನುಷ್ಯನನ್ನು ಕಳಿಸಲೇಬೇಕೇ, ಕಳಿಸುವುದಾದರೆ ಎಷ್ಟು ಬೇಗ, ಇಲ್ಲೇ ಇಟ್ಟುಕೊಂಡು ನೋಡಬಹುದೇ ಎಂದು ತೀರ್ಮಾನಿಸುವವರು ಯಾರು? ಹಳ್ಳಿ ಡಾಕ್ಟರ ಮುಖ್ಯ ಕೆಲಸ ಈ ತೀರ್ಮಾನ. ಮಾತ್ರೆ, ಸೂಜಿ, ಔಷಧಿ ಎಲ್ಲ ಅದರ ನಂತರದ್ದು.

108ನ್ನೇ ಮೊದಲು ತೆಗೆದುಕೊಳ್ಳೋಣ. 2008ರ ನವೆಂಬರ್‌ನಲ್ಲಿ ‘ಆರೋಗ್ಯ ಕವಚ’ ಎಂಬ ಹೆಸರಿನಲ್ಲಿ ಶುರುವಾದ ಈ ಸೇವೆ ಎಷ್ಟೋ ಬಸುರಿ ಬಾಣಂತಿಯರನ್ನು, ರಸ್ತೆ ಅಪಘಾತಕ್ಕೆ ಸಿಕ್ಕವರನ್ನು ಉಳಿಸಿದೆ. ಅದನ್ನು ಹಳಿಯುವುದು ಕೃತಘ್ನತೆ. ಆದರೆ ಆಂಬುಲೆನ್ಸ್ ಬರಬೇಕಾದರೆ ಯಾರಾದರೂ ಫೋನ್ ಮಾಡಬೇಕು, ಫೋನ್ ಮಾಡಬೇಕಾದರೆ ಇದು ಜೀವಕ್ಕೆ ಬಂದ ಆಪತ್ತು ಎಂದು ಯಾರಿಗಾದರೂ ಹೊಳೆಯಬೇಕು.

ಮಳೆಗಾಲದಲ್ಲಿ ಮಲೆನಾಡಿನ ಒಂದು ಮನೆಯನ್ನು ನೆನೆಯಿರಿ. ಬೆಳಗಿನ ಜಾವ ಹುಡುಗನೊಬ್ಬ ಹೊಟ್ಟೆನೋವೆಂದು ಏಳುತ್ತಾನೆ, ವಾಂತಿ ಮಾಡುತ್ತಾನೆ. ರಾತ್ರಿ ತಿಂದದ್ದು ಸೇರಲಿಲ್ಲವೇನೋ ಎಂದು ತಾಯಿ ಜೀರಿಗೆ ಕಷಾಯ ಮಾಡಿ ಕುಡಿಸುತ್ತಾಳೆ. ಮೈಮೇಲೆ ಗಾಯವಿಲ್ಲ, ಊತವಿಲ್ಲ, ಜ್ವರವಿಲ್ಲ. ಸ್ವಲ್ಪ ಹೊತ್ತಿಗೆ ಕಣ್ಣಿನ ರೆಪ್ಪೆ ಜೋಲುತ್ತದೆ. ನಿದ್ದೆ ಸಾಲಲಿಲ್ಲ, ಮಲಗಲಿ ಬಿಡು ಎನ್ನುತ್ತಾರೆ. 108ಕ್ಕೆ ಯಾರೂ ಫೋನ್ ಮಾಡುವುದಿಲ್ಲ. ಹೊಟ್ಟೆನೋವಿಗೆ ಯಾರು ಮಾಡುತ್ತಾರೆ? ಆ ಊರಿನಲ್ಲಿ ವರ್ಷಗಟ್ಟಲೆ ಇದ್ದ ಡಾಕ್ಟರು ಈ ಹುಡುಗನನ್ನು ಕಂಡ ಕೂಡಲೇ ಹೊಟ್ಟೆ ಮುಟ್ಟುವುದಕ್ಕಿಂತ ಮುಂಚೆ ಒಂದು ಪ್ರಶ್ನೆ ಕೇಳುತ್ತಾರೆ: ‘ರಾತ್ರಿ ಎಲ್ಲಿ ಮಲಗಿದ್ದೆ ಮಗಾ, ಮಂಚದ ಮೇಲೋ ನೆಲದ ಮೇಲೋ?’ ನೆಲದ ಮೇಲೆ ಎಂದರೆ ಅವರಿಗೆ ಅರ್ಧ ಉತ್ತರ ಸಿಕ್ಕಿತು. ಕಟ್ಟುಹಾವು ಕಚ್ಚಿದರೆ ಹೆಚ್ಚಾಗಿ ನೋವಾಗುವುದಿಲ್ಲ, ಹಲ್ಲಿನ ಗುರುತು ಹುಡುಕಿದರೂ ಎಷ್ಟೋ ಸಲ ಸಿಗುವುದಿಲ್ಲ. ಅದರ ವಿಷ ನರಗಳನ್ನು ಹಿಡಿಯುತ್ತದೆ, ರೆಪ್ಪೆಯಿಂದ ಗಂಟಲಿಗೆ, ಗಂಟಲಿನಿಂದ ಉಸಿರಾಟಕ್ಕೆ ಇಳಿಯುತ್ತದೆ. ಆಗ ಹಾವಿನ ವಿಷಕ್ಕೆ ಮದ್ದು ಹಾಕಿ, ದಾರಿಯಲ್ಲಿ ಉಸಿರು ನಿಂತರೆ ಚೀಲ ಒತ್ತಿ ಉಸಿರು ಕೊಡಲು ಒಬ್ಬರನ್ನು ಜೊತೆಮಾಡಿ ಆಂಬುಲೆನ್ಸ್ ಹತ್ತಿಸಬೇಕು. ಆಂಬುಲೆನ್ಸಿನ ಬೆಲೆ ಅಲ್ಲಿಂದ ಶುರುವಾಗುತ್ತದೆ.

ಕೊಳಕುಮಂಡಲ ಕಚ್ಚಿದಾಗಲೂ ಹೀಗೆಯೇ. ಅದರ ವಿಷ ರಕ್ತ ಹೆಪ್ಪುಗಟ್ಟುವುದನ್ನು ಕೆಡಿಸುತ್ತದೆ. ಅದನ್ನು ಕಂಡುಹಿಡಿಯಲು ಯಾವ ಲ್ಯಾಬೂ ಬೇಡ. ಒಣಗಿದ, ಸ್ವಚ್ಛವಾದ ಒಂದು ಗಾಜಿನ ನಳಿಗೆಯಲ್ಲಿ ಎರಡು ಎಂಎಲ್ ರಕ್ತ ತೆಗೆದಿಟ್ಟು, ಅಲುಗಾಡಿಸದೆ 20 ನಿಮಿಷ ಬಿಟ್ಟು, ಆಮೇಲೆ ಓರೆ ಮಾಡಿ ನೋಡಬೇಕು. ರಕ್ತ ಗಟ್ಟಿಯಾಗಿದ್ದರೆ ಸದ್ಯಕ್ಕೆ ಸಮಾಧಾನ, ನೀರಿನಂತೆ ಹರಿದರೆ ವಿಷ ಏರಿದೆ ಎಂದರ್ಥ. ಗಡಿಯಾರ ನೋಡುತ್ತ ಆ ನಳಿಗೆಯ ಮುಂದೆ ಕೂರುವ ಒಬ್ಬರು ಬೇಕು, ಅಷ್ಟೇ. 2000ದಿಂದ 2019ರವರೆಗೆ ಭಾರತದಲ್ಲಿ ಹಾವು ಕಚ್ಚಿ ಸುಮಾರು 12 ಲಕ್ಷ ಜನ, ಅಂದರೆ ವರ್ಷಕ್ಕೆ ಸರಾಸರಿ 58 ಸಾವಿರ ಮಂದಿ ಸತ್ತರು ಎಂದು ಮಿಲಿಯನ್ ಡೆತ್ ಸ್ಟಡಿಯ ಅಂದಾಜು ಹೇಳುತ್ತದೆ. ಬಹುತೇಕ ಎಲ್ಲರೂ ಹಳ್ಳಿಯವರು, ಬಹುಪಾಲು ಸಾವುಗಳು ಆಸ್ಪತ್ರೆ ಮುಟ್ಟುವ ಮೊದಲೇ ಆದವು. 2024ರ ಫೆಬ್ರುವರಿಯಲ್ಲಿ ಕರ್ನಾಟಕ ಸರ್ಕಾರ ಹಾವು ಕಡಿತವನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಪಟ್ಟಿಗೆ ಸೇರಿಸಿತು. ಒಳ್ಳೆಯ ಹೆಜ್ಜೆ. ವರದಿ ಬರೆಯಲು ಡಾಕ್ಟರಿರಬೇಕು ಎಂಬುದನ್ನೂ ಜೊತೆಗೇ ನೆನಪಿಡಬೇಕು.

ಇನ್ನು ಕಾರ್ಡಿನ ವಿಷಯ. 2003ರಲ್ಲಿ ಯಶಸ್ವಿನಿ ಬಂತು, 2010ರಲ್ಲಿ ವಾಜಪೇಯಿ ಆರೋಗ್ಯಶ್ರೀ, 2018ರಲ್ಲಿ ಆಯುಷ್ಮಾನ್ ಭಾರತ್ – ಆರೋಗ್ಯ ಕರ್ನಾಟಕ. ಹೃದಯದ ಆಪರೇಷನ್ನಿಗೆ, ಕ್ಯಾನ್ಸರಿಗೆ ಹೊಲ ಮಾರಬೇಕಿದ್ದ ಬಡವನಿಗೆ ಇವು ಆಸರೆಯಾದವು. ಆದರೆ ಈ ಯೋಜನೆಗಳ ಹಣ ಹರಿಯುವುದು ಮುಖ್ಯವಾಗಿ ಹಾಸಿಗೆಗೆ, ಆಪರೇಷನ್ನಿಗೆ. ಒಬ್ಬ ರೈತನ ಬಿಪಿ ಹತ್ತು ವರ್ಷ ಯಾರ ಕಣ್ಣಿಗೂ ಬೀಳದೆ ಏರಿ ಕೂತಿರುತ್ತದೆ, ಸಕ್ಕರೆ ಕಾಯಿಲೆ ಸದ್ದಿಲ್ಲದೆ ಮೂತ್ರಪಿಂಡ ತಿನ್ನುತ್ತಿರುತ್ತದೆ. ಆ ಹತ್ತು ವರ್ಷ ಅವನನ್ನು ಕರೆದು, ಕೂರಿಸಿ, ತೋಳಿಗೆ ಪಟ್ಟಿ ಸುತ್ತಿ ನೋಡುವ ಕೆಲಸಕ್ಕೆ ಬೆಲೆಯಿಲ್ಲ. ಕಿಡ್ನಿ ಹೋದ ದಿನದಿಂದ ಡಯಾಲಿಸಿಸ್ಸಿಗೆ ಹಣವಿದೆ, ಪಾರ್ಶ್ವವಾಯು ಬಡಿದ ದಿನದಿಂದ ಐಸಿಯುವಿಗೆ ಹಣವಿದೆ. ಊರು ಕೊಳ್ಳೆ ಹೊಡೆದ ಮೇಲೆ ಕೋಟೆ ಬಾಗಿಲು ಹಾಕಿದರು ಎನ್ನುವ ಗಾದೆಯನ್ನು ನಾವು ಸರ್ಕಾರಿ ನೀತಿಯಾಗಿ ಮಾಡಿಕೊಂಡಿದ್ದೇವೆ.

ದೊಡ್ಡ ಆಸ್ಪತ್ರೆಗೆ ಹೋಗಿ ಬಂದವರ ಮಾತ್ರೆಯ ಕವರ್ ಒಮ್ಮೆ ಬಿಚ್ಚಿ ನೋಡಿ. ನಮ್ಮ ಸೀಮೆಯ ಒಬ್ಬ ವಯಸ್ಸಾದ ಡಾಕ್ಟರ ಕ್ಲಿನಿಕ್ಕಿನಲ್ಲಿ ನಾನು ಅದನ್ನು ಕಂಡಿದ್ದೇನೆ. ಎಪ್ಪತ್ತು ದಾಟಿದ ಹೆಂಗಸು, ಜೊತೆಗೆ ಸೊಸೆ. ಕಾಲು ಊದಿದೆ, ನಿಂತರೆ ತಲೆ ಸುತ್ತುತ್ತದೆ. ಡಾಕ್ಟರು ‘ಮನೆಯಲ್ಲಿರೋ ಮಾತ್ರೆ ಎಲ್ಲ ತಂದಿದ್ದೀರಾ ಅಮ್ಮಾ?’ ಎಂದು ಕೇಳಿ, ಪ್ಲಾಸ್ಟಿಕ್ ಕವರನ್ನು ಮೇಜಿನ ಮೇಲೆ ಸುರಿದರು. ಹಾಳೆಗಳನ್ನು ತಿರುವಿ ಹಾಕಿ, ಹಿಂಬದಿಯ ಸಣ್ಣ ಅಕ್ಷರ ಓದಿ, ಎರಡನ್ನು ಪಕ್ಕಕ್ಕೆ ಎತ್ತಿಟ್ಟರು. ಹೆಸರು ಬೇರೆ, ಬಣ್ಣ ಬೇರೆ, ಒಳಗಿರುವ ಔಷಧಿ ಒಂದೇ: ಆಮ್ಲೋಡಿಪಿನ್. ಒಂದನ್ನು ತಾಲ್ಲೂಕಿನಲ್ಲಿ ಬರೆದಿದ್ದರು, ಇನ್ನೊಂದನ್ನು ಜಿಲ್ಲೆಯಲ್ಲಿ. ಎರಡೂ ಸೇರಿ ಕಾಲು ಊದಿಸಿದ್ದವು. ಊದಿದ ಕಾಲಿಗೆ ಮೂರನೆಯ ಕಡೆ ಮೂತ್ರ ಹೋಗುವ ಮಾತ್ರೆ ಕೊಟ್ಟಿದ್ದರು, ಅದರಿಂದ ತಲೆಸುತ್ತು. ಇನ್ನು ಸ್ವಲ್ಪ ದಿನ ಹೀಗೇ ಬಿಟ್ಟಿದ್ದರೆ ಆಕೆ ಬಚ್ಚಲಿನಲ್ಲಿ ಬಿದ್ದು ಸೊಂಟ ಮುರಿದುಕೊಳ್ಳುತ್ತಿದ್ದಳು, ಆಗ ಕಾರ್ಡಿನಲ್ಲಿ ಆಪರೇಷನ್ ಆಗುತ್ತಿತ್ತು. ಮೂರೂ ಕಡೆಯ ಡಾಕ್ಟರುಗಳು ಕೆಟ್ಟವರಲ್ಲ, ತಿಳಿಯದವರೂ ಅಲ್ಲ. ಒಬ್ಬೊಬ್ಬರೂ ಆಕೆಯ ಒಂದೊಂದು ಅಂಗವನ್ನು ನೋಡಿದ್ದರು. ಆಕೆಯನ್ನು ಇಡಿಯಾಗಿ ನೋಡುವುದು ಅಲ್ಲಿ ಯಾರ ಕೆಲಸವೂ ಆಗಿರಲಿಲ್ಲ.

ಇದು ಭಾವುಕತೆಯ ಮಾತೆಂದು ತಳ್ಳಿಹಾಕುವವರಿಗೆ ಲೆಕ್ಕವೂ ಇದೆ. ನಾರ್ವೆ ದೇಶದಲ್ಲಿ ಸುಮಾರು 45 ಲಕ್ಷ ಜನರ ದಾಖಲೆ ನೋಡಿ 2021ರಲ್ಲಿ ಪ್ರಕಟವಾದ ಅಧ್ಯಯನವೊಂದು, ಒಬ್ಬರೇ ಸಾಮಾನ್ಯ ವೈದ್ಯರ ಬಳಿ ಎಷ್ಟು ವರ್ಷದಿಂದ ಹೋಗುತ್ತಿದ್ದೀರಿ ಎಂಬುದನ್ನು ಸಾವಿನ ಪ್ರಮಾಣದ ಜೊತೆ ಹೋಲಿಸಿತು. 15 ವರ್ಷಕ್ಕಿಂತ ಹೆಚ್ಚು ಕಾಲ ಒಬ್ಬರೇ ಡಾಕ್ಟರನ್ನು ಕಂಡವರಲ್ಲಿ, ಒಂದೇ ವರ್ಷ ಕಂಡವರಿಗಿಂತ ಸಾವಿನ ಸಾಧ್ಯತೆ ಸುಮಾರು ಕಾಲು ಭಾಗ ಕಡಿಮೆಯಿತ್ತು. ಆಸ್ಪತ್ರೆ ಸೇರುವುದೂ ಹೆಚ್ಚುಕಡಿಮೆ ಅಷ್ಟೇ ಕಡಿಮೆ. ನಾರ್ವೆಯಲ್ಲಿ ರಸ್ತೆಗೆ, ಆಂಬುಲೆನ್ಸಿಗೆ, ತಜ್ಞರಿಗೆ ಏನೂ ಕೊರತೆಯಿಲ್ಲ. ಅಂಥ ದೇಶದಲ್ಲೇ ಗುರುತಿನ ಡಾಕ್ಟರೆಂಬುದು ಇಷ್ಟು ವ್ಯತ್ಯಾಸ ಮಾಡುತ್ತದೆ ಎಂದರೆ, ಮಾತ್ರೆ ಹಾಳೆಯ ಮೇಲಿನ ಹೆಸರು ಓದಲಾರದ ನಮ್ಮ ಹಳ್ಳಿಯ ಅಜ್ಜಿಗೆ ಎಷ್ಟು ಮಾಡೀತು?

ತೀರ್ಮಾನದಲ್ಲಿ ಎಲ್ಲಕ್ಕಿಂತ ಕಷ್ಟದ್ದು ‘ಬೇಡ’ ಎನ್ನುವುದು. ಆಪರೇಷನ್ ಬೇಡ, ಸ್ಕ್ಯಾನಿಂಗ್ ಬೇಡ, ಗ್ಲೂಕೋಸ್ ಬೇಡ. ಹೀಗೆ ಹೇಳುವುದರಿಂದ ಯಾರಿಗೂ ಒಂದು ರೂಪಾಯಿ ಹುಟ್ಟುವುದಿಲ್ಲ, ಹೇಳಿದವರ ಮೇಲೆ ರೋಗಿಗೂ ಸಿಟ್ಟು ಬರುತ್ತದೆ. ದೊಡ್ಡ ಆಸ್ಪತ್ರೆಯಲ್ಲಿ ಹೇಳುವವರಿಲ್ಲ, ಮೆಡಿಕಲ್ ಶಾಪಿನವನು ಹೇಳಲಾರ. ಕಲಬುರಗಿ ಜಿಲ್ಲೆಯ ತಾಂಡಾಗಳಲ್ಲಿ, ದಲಿತ ಕೇರಿಗಳಲ್ಲಿ ಬಿಳಿಸೆರಗು, ಹೊಟ್ಟೆನೋವು ಎಂದು ಹೋದ ಹೆಂಗಸರ ಗರ್ಭಕೋಶವನ್ನೇ ತೆಗೆದುಹಾಕಿದ ಪ್ರಕರಣಗಳು ಸುಮಾರು ಹತ್ತು ವರ್ಷದ ಹಿಂದೆ ಬಯಲಾದಾಗ ನಾಡು ಬೆಚ್ಚಿತು. ಬಿಹಾರ, ಛತ್ತೀಸ್‌ಗಢ, ರಾಜಸ್ಥಾನಗಳ ಇಂಥದ್ದೇ ಪ್ರಕರಣಗಳು ಸುಪ್ರೀಂ ಕೋರ್ಟಿನ ತನಕ ಹೋದವು. ಅಲ್ಲಿನ ದೂರಿನಲ್ಲಿ ಸರ್ಕಾರಿ ವಿಮೆಯ ಹಣಕ್ಕಾಗಿ ಆಪರೇಷನ್ ಮಾಡಿದರೆಂಬ ಆರೋಪವೂ ಇತ್ತು. 2023ರ ಏಪ್ರಿಲ್‌ನಲ್ಲಿ ಕೋರ್ಟು ಇಂಥ ಬೇಡದ ಆಪರೇಷನ್ ತಡೆಯುವ ಮಾರ್ಗಸೂಚಿ ಪಾಲಿಸಲು ಎಲ್ಲ ರಾಜ್ಯಗಳಿಗೂ ಹೇಳಿತು. ಇಪ್ಪತ್ತೈದು ಮೂವತ್ತರ ವಯಸ್ಸಿನ ಹೆಂಗಸಿಗೆ ‘ಇದಕ್ಕೆ ಹದಿನೈದು ದಿನ ಮಾತ್ರೆ ಸಾಕು ತಾಯಿ, ಗಂಡನೂ ತೊಗೋಬೇಕು, ಆಪರೇಷನ್ ಬೇಡ’ ಎಂದು ಹೇಳುವ ಡಾಕ್ಟರು ಊರ ಹತ್ತಿರ ಇದ್ದಿದ್ದರೆ ಮಾರ್ಗಸೂಚಿಗಾಗಿ ದೆಹಲಿಗೆ ಹೋಗಬೇಕಿರಲಿಲ್ಲ. ಕಾರ್ಡು ಕೈಗೆ ಕೊಟ್ಟು, ಬೇಡ ಎನ್ನುವವರನ್ನು ಊರಿನಿಂದ ತೆಗೆದರೆ ಬಡವನ ದೇಹ ಯಾರದೋ ಬಿಲ್ಲಿನ ಬಾಬತ್ತಾಗುತ್ತದೆ.

ಸಾವಿನ ವಿಷಯದಲ್ಲೂ ಇದೇ ಕಥೆ. ಮುಂಚೆ ಎಂಬತ್ತು ದಾಟಿದ ಹಿರಿಯರು ಹಾಸಿಗೆ ಹಿಡಿದಾಗ ಡಾಕ್ಟರು ಮನೆಗೆ ಬಂದು, ನಾಡಿ ನೋಡಿ, ಮಗನನ್ನು ಅಂಗಳಕ್ಕೆ ಕರೆದು ‘ಎಲ್ಲೂ ತೊಗೊಂಡು ಹೋಗೋದು ಬೇಡ, ನೋವು ಕಾಣದ ಹಾಗೆ ನಾನು ನೋಡಿಕೊಳ್ತೀನಿ, ಬರಬೇಕಾದವರಿಗೆ ಹೇಳಿ ಕಳಿಸಿ’ ಎನ್ನುತ್ತಿದ್ದರು. ಆ ಒಂದು ಮಾತು ಮಗನ ಹೆಗಲ ಮೇಲಿನ ಹೊರೆ ಇಳಿಸುತ್ತಿತ್ತು. ಈಗ ಅದನ್ನು ಹೇಳುವವರಿಲ್ಲ. ತಂದೆಯನ್ನು ಮನೆಯಲ್ಲೇ ಬಿಟ್ಟರೆ ಊರವರು ಏನಂದಾರು ಎಂಬ ಅಳುಕಿಗೆ ಮಗ ಅಡಿಕೆ ತೋಟದ ಮೇಲೆ ಸಾಲ ಎತ್ತಿ ಐಸಿಯು ಸೇರಿಸುತ್ತಾನೆ. ವಾರ ಹತ್ತು ದಿನ ಗಾಜಿನ ಆಚೆ ನಿಲ್ಲುತ್ತಾನೆ. ಕೊನೆಗೆ ಅದೇ ಆಂಬುಲೆನ್ಸಿನಲ್ಲಿ ಹೆಣ ಮನೆಗೆ ಬರುತ್ತದೆ, ಸಾಲ ಉಳಿಯುತ್ತದೆ. ಇದನ್ನು ಪ್ರಗತಿ ಎಂದು ಕರೆಯಲು ನನಗೆ ಬಾಯಿ ಬರುವುದಿಲ್ಲ.

ಹಳ್ಳಿ ಡಾಕ್ಟರು ಊರಿನ ಸಾಕ್ಷಿಯೂ ಹೌದು. ಮೊಣಕೈ ಮೇಲೆ ಕಪ್ಪಗೆ ಕಂದಿದ ಗುರುತು ಹೊತ್ತು ‘ಜಾರಿ ಬಿದ್ದೆ’ ಎನ್ನುವ ಹೆಂಗಸಿನ ಮಾತನ್ನು ನಂಬದೆ, ಜೊತೆಗೆ ಬಂದ ಗಂಡನನ್ನು ಹೊರಗೆ ಕೂರಿಸಿ, ಬಾಗಿಲು ಮುಂದೆ ಮಾಡಿ ಇನ್ನೊಮ್ಮೆ ಕೇಳುವವರು ಬೇರೆ ಯಾರಿದ್ದಾರೆ? ಗಾಯದ ಸರ್ಟಿಫಿಕೇಟಿನಲ್ಲಿ ಊರ ಗೌಡನ ಒತ್ತಡಕ್ಕೆ ಮಣಿಯದೆ ಕಂಡದ್ದನ್ನು ಬರೆಯಬೇಕಾದವರು ಅವರು. ಸಾಲಕ್ಕೆ ಸಿಕ್ಕು ಕೀಟನಾಶಕ ಕುಡಿದವನ ಬಾಯಿಂದ ಬರುವ ವಾಸನೆ ಹಿಡಿದು, ಸೂಜಿಮೊನೆಯಷ್ಟಾದ ಕಣ್ಣಿನ ಪಾಪೆ ನೋಡಿ, ಅಟ್ರೋಪಿನ್ ಏರಿಸುವವರು ಅವರು. ಅದಕ್ಕೂ ಮುಂಚೆ, ನಿದ್ದೆ ಬರ್ತಿಲ್ಲ ಡಾಕ್ಟ್ರೇ ಎಂದು ಮೂರು ಸಲ ಬಂದ ರೈತನ ನಿದ್ದೆ ಯಾಕೆ ಹೋಗಿದೆ ಎಂದು ಊಹಿಸಬಲ್ಲವರೂ ಅವರೇ, ಏಕೆಂದರೆ ಆ ವರ್ಷ ಬೋರ್‌ವೆಲ್ ಬತ್ತಿದ್ದು, ಶುಂಠಿ ಕೊಳೆತದ್ದು ಅವರಿಗೆ ಗೊತ್ತು. ಈ ತಿಳಿವಳಿಕೆಯನ್ನು ಯಾವ ಆಪ್ ಕೊಡುತ್ತದೆ, ಯಾವ ವೀಡಿಯೊ ಕರೆ ಕೊಡುತ್ತದೆ?

ಈಗ ನನಗೆ ಇನ್ನೂ ಹೆಚ್ಚು ಸಿಟ್ಟು ತರಿಸುವ ಇನ್ನೊಂದು ಅಭಿಪ್ರಾಯಕ್ಕೆ ಬರುತ್ತೇನೆ, ಏಕೆಂದರೆ ಅದು ಹೊಗಳಿಕೆಯ ವೇಷದಲ್ಲಿ ಬರುತ್ತದೆ. ಹಳ್ಳಿ ಡಾಕ್ಟರೆಂದರೆ ತ್ಯಾಗಮೂರ್ತಿ, ಬಡವರ ಪಾಲಿನ ದೇವರು. ಶಾಲು, ಹಾರ, ಫಲತಾಂಬೂಲ, ಮಾನಪತ್ರ. ಪತ್ರಿಕೆಯಲ್ಲಿ ಅವರು ತೆಗೆದುಕೊಳ್ಳುವ ಐದು, ಹತ್ತು ರೂಪಾಯಿಯದೇ ಸುದ್ದಿ, ಅವರ ರೋಗನಿರ್ಣಯದ ಬಗ್ಗೆ ಒಂದು ಸಾಲಿಲ್ಲ. ಮಂಡ್ಯದ ಚರ್ಮರೋಗ ವೈದ್ಯ ಡಾ. ಶಂಕರೇಗೌಡರಂಥವರು ಐದು ರೂಪಾಯಿಗೆ ನೋಡಿದ್ದು ದೊಡ್ಡದು, ಅದಕ್ಕೆ ನಾನೂ ಕೈಮುಗಿಯುತ್ತೇನೆ. ಆದರೆ ಅವರ ಬಳಿ ದಿನವೂ ಸಾಲು ನಿಲ್ಲುವ ಜನ ಬರೀ ಐದು ರೂಪಾಯಿಗೆ ಬರುವವರಲ್ಲ, ಚರ್ಮರೋಗ ವಾಸಿಯಾಗುತ್ತದೆ ಎಂದು ಬರುವವರು. ತ್ಯಾಗವೆಂದು ಹೊಗಳಿದ ಕೂಡಲೇ ನಮ್ಮ ಹೊಣೆ ತಪ್ಪುತ್ತದೆ. ದೇವರಿಗೆ ಸಂಬಳ ಬೇಡ, ಕ್ವಾರ್ಟರ್ಸ್ ಬೇಡ, ರಜೆ ಬೇಡ, ಮಕ್ಕಳಿಗೆ ಶಾಲೆ ಬೇಡ. ರಾತ್ರಿ ಎರಡು ಗಂಟೆಗೆ ಒಂದು ಹೆರಿಗೆಯಲ್ಲಿ ಮಗು ಕೈತಪ್ಪಿದರೆ ಅದೇ ದೇವರ ಮೇಲೆ ಕಲ್ಲು ಬೀಳುತ್ತದೆ. ಈ ಪೂಜೆಯ ಹಿಂದೆ ಒಂದು ನಂಬಿಕೆ ಅಡಗಿದೆ: ಹಳ್ಳಿಯಲ್ಲಿ ಇರುವವರು ಬುದ್ಧಿವಂತರಾದರೆ ಅಲ್ಲಿ ಯಾಕಿರುತ್ತಿದ್ದರು, ಹೃದಯವಂತಿಕೆಗಾಗಿ ಇದ್ದಾರೆ ಅಷ್ಟೇ ಎಂಬ ನಂಬಿಕೆ.

ಅದೆಷ್ಟು ಸುಳ್ಳು ಎನ್ನುವುದಕ್ಕೆ ವೈದ್ಯಶಾಸ್ತ್ರದ ಚರಿತ್ರೆಯೇ ಸಾಕ್ಷಿ. ದನದ ಸಿಡುಬು ಹತ್ತಿದ ಹಾಲು ಕರೆಯುವ ಹೆಂಗಸರನ್ನು ಗಮನಿಸಿ 1796ರಲ್ಲಿ ಸಿಡುಬಿಗೆ ಲಸಿಕೆ ಹಾಕಿದ ಎಡ್ವರ್ಡ್ ಜೆನ್ನರ್ ಇಂಗ್ಲೆಂಡಿನ ಬರ್ಕ್‌ಲಿ ಎಂಬ ಸಣ್ಣ ಊರಿನ ಡಾಕ್ಟರು. ನೆರಡಿ ರೋಗಕ್ಕೆ ಬ್ಯಾಕ್ಟೀರಿಯಾ ಕಾರಣವೆಂದು 1876ರಲ್ಲಿ ತೋರಿಸಿದಾಗ ರಾಬರ್ಟ್ ಕಾಖ್ ಯಾವ ವಿಶ್ವವಿದ್ಯಾಲಯದಲ್ಲೂ ಇರಲಿಲ್ಲ, ಮೂಲೆಯ ಊರೊಂದರಲ್ಲಿ ಸರ್ಕಾರಿ ಡಾಕ್ಟರಾಗಿದ್ದರು. ವೇಲ್ಸ್‌ನ ಗ್ಲಿನ್‌ಕೊರಗ್ ಎಂಬ ಗಣಿ ಹಳ್ಳಿಯಲ್ಲಿದ್ದ ಜೂಲಿಯನ್ ಟ್ಯೂಡರ್ ಹಾರ್ಟ್ ಊರಿನ ದೊಡ್ಡವರೆಲ್ಲರ ಬಿಪಿಯನ್ನು ಕಾಯಿಲೆ ಬರುವ ಮುಂಚೆಯೇ ಅಳೆದಿಟ್ಟು ನೋಡಿದವರು. ಚಿಕಿತ್ಸೆ ಯಾರಿಗೆ ಹೆಚ್ಚು ಬೇಕೋ ಅವರಿಗೇ ಕಡಿಮೆ ಸಿಗುತ್ತದೆ, ಮಾರುಕಟ್ಟೆಗೆ ಬಿಟ್ಟಷ್ಟೂ ಈ ಅನ್ಯಾಯ ಹೆಚ್ಚುತ್ತದೆ ಎಂದು 1971ರಲ್ಲಿ ಅವರು ಬರೆದದ್ದು ಇಂದಿಗೂ ಜಗತ್ತಿನ ಆರೋಗ್ಯ ಚರ್ಚೆಯಲ್ಲಿ ಒಂದು ನಿಯಮವೆಂದೇ ಉಳಿದಿದೆ.

ಅಷ್ಟು ದೂರ ಹೋಗುವುದೂ ಬೇಡ. ಪಕ್ಕದ ಮಹಾರಾಷ್ಟ್ರದ ಕೊಂಕಣದಲ್ಲಿ, ರಾಯಗಡ ಜಿಲ್ಲೆಯ ಬಿರವಾಡಿ ಪಿಎಚ್‌ಸಿಗೆ 1976ರಲ್ಲಿ ಹೋದ ಹಿಮ್ಮತರಾವ್ ಬಾವಸ್ಕರ್ ಅವರ ಮುಂದೆ ಕೆಂಪು ಚೇಳು ಕಡಿದ ಮಕ್ಕಳು ಸಾಯುತ್ತಿದ್ದರು. ಪುಸ್ತಕದಲ್ಲಿ ಇದಕ್ಕೆ ಸರಿಯಾದ ಮದ್ದಿರಲಿಲ್ಲ. ಬಾವಸ್ಕರ್ ಮಕ್ಕಳ ಹಾಸಿಗೆ ಪಕ್ಕದಲ್ಲಿ ರಾತ್ರಿಯಿಡೀ ಕೂತು, ಬೆವರು, ವಾಂತಿ, ತಣ್ಣಗಾಗುವ ಕೈಕಾಲು, ಏರಿ ಇಳಿಯುವ ನಾಡಿಯನ್ನು ಗಂಟೆಗಂಟೆಗೆ ಬರೆದಿಟ್ಟರು. ಸಾಯಿಸುತ್ತಿರುವುದು ಹೃದಯದ ಮೇಲಿನ ಒತ್ತಡ ಮತ್ತು ಶ್ವಾಸಕೋಶದಲ್ಲಿ ತುಂಬುವ ನೀರು ಎಂದು ಗುರುತಿಸಿದರು. 1982ರಲ್ಲಿ ವೈದ್ಯಕೀಯ ಪತ್ರಿಕೆ ‘ಲ್ಯಾನ್ಸೆಟ್’ ಅವರ ಬರಹವನ್ನು ಪ್ರಕಟಿಸಿತು. ಮುಂದೆ ಬಿಪಿಗೆಂದು ಇದ್ದ ಪ್ರಾಜೋಸಿನ್ ಎಂಬ ಅಗ್ಗದ ಮಾತ್ರೆಯನ್ನು ಅವರು ಇದಕ್ಕೆ ಕೊಟ್ಟು ನೋಡಿದರು. ವಿಷ ಏರಿದವರಲ್ಲಿ ನೂರಕ್ಕೆ ಮೂವತ್ತರಷ್ಟು ಜನ ಸಾಯುತ್ತಿದ್ದ ಕಡೆ ಸಾವು ಬೆರಳೆಣಿಕೆಗೆ ಇಳಿಯಿತು. ಪದ್ಮಶ್ರೀ ಬಂದದ್ದು 2022ರಲ್ಲಿ. ದೊಡ್ಡ ಆಸ್ಪತ್ರೆಯ ಪ್ರೊಫೆಸರರಿಗೆ ಈ ಮದ್ದು ಹುಡುಕುವುದು ಸಾಧ್ಯವಾಗುತ್ತಿರಲಿಲ್ಲ, ಏಕೆಂದರೆ ಅಲ್ಲಿಗೆ ಆ ಮಕ್ಕಳು ಜೀವಂತ ಮುಟ್ಟುತ್ತಲೇ ಇರಲಿಲ್ಲ. ನಮ್ಮಲ್ಲಿ 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮಂಗಗಳು ಸತ್ತು ಬಿದ್ದಾಗ, ಎಪ್ಪತ್ತರ ದಶಕದಲ್ಲಿ ಸಾಗರ ತಾಲ್ಲೂಕಿನ ಹಂದಿಗೋಡಿನಲ್ಲಿ ಬಡ ಕೂಲಿಗಳ ಸೊಂಟ, ಮಂಡಿ ಸೊಟ್ಟಗಾದಾಗ ಜಗತ್ತಿಗೆ ಹೊಸ ಕಾಯಿಲೆಗಳು ಗೊತ್ತಾದವು. ಇವು ಹುಟ್ಟಿದ್ದು ಹಳ್ಳಿಯಲ್ಲಿ, ಮೊದಲು ಕಾಣಬೇಕಾದದ್ದೂ ಹಳ್ಳಿಯಲ್ಲೇ. ನಾಳೆ ಹುಟ್ಟುವ ಕಾಯಿಲೆಯನ್ನು ನೋಡಲು ಅಲ್ಲಿ ಕಣ್ಣಿರಬೇಡವೇ?

ಹಾಗಾದರೆ ಡಾಕ್ಟರು ಯಾಕೆ ಹೋಗುವುದಿಲ್ಲ? ಈಗಿನ ಹುಡುಗರಿಗೆ ಸೇವಾ ಮನೋಭಾವವಿಲ್ಲ, ಹಣದಾಸೆ ಎಂಬ ಉತ್ತರ ಸಿದ್ಧವಾಗಿದೆ. ಇದನ್ನೂ ನಾನು ಒಪ್ಪುವುದಿಲ್ಲ. ಹಳ್ಳಿಗೆ ಡಾಕ್ಟರು ಹೋಗದ ಹಾಗೆ ಮಾಡಿದ್ದು ನಮ್ಮ ನಿರ್ಧಾರಗಳು. ಸ್ವಾತಂತ್ರ್ಯಕ್ಕೆ ಮುಂಚೆ ದೇಶದಲ್ಲಿದ್ದ ಸುಮಾರು 47 ಸಾವಿರ ಅಲೋಪತಿ ಡಾಕ್ಟರುಗಳಲ್ಲಿ 30 ಸಾವಿರದಷ್ಟು ಮಂದಿ ಪದವಿಗಿಂತ ಚಿಕ್ಕ ಕೋರ್ಸು ಮುಗಿಸಿದ ಎಲ್‌ಎಂಪಿಗಳು ಮತ್ತು ಅಂಥ ಲೈಸೆನ್ಸಿಯೇಟುಗಳು. ನಮ್ಮ ಅಜ್ಜಂದಿರು ‘ಎಲ್‌ಎಂಪಿ ಡಾಕ್ಟ್ರು’ ಎಂದು ನೆನೆಯುತ್ತಿದ್ದವರು ಇವರೇ. 1946ರಲ್ಲಿ ದೇಶದ ಆರೋಗ್ಯ ವ್ಯವಸ್ಥೆಯ ಬಗ್ಗೆ ವರದಿ ಕೊಟ್ಟ ಭೋರ್ ಸಮಿತಿ ಆ ಕೋರ್ಸನ್ನು ಮುಚ್ಚಿ ಇಡೀ ದೇಶಕ್ಕೆ ಒಂದೇ ಮಟ್ಟದ ಪದವಿ ವೈದ್ಯರು ಸಾಕೆಂದಿತು. ಸಮಿತಿಯ ಕೆಲವು ಸದಸ್ಯರು ಆಗಲೇ ಭಿನ್ನಮತ ಬರೆದಿಟ್ಟರು. ಭೋರ್ ಸಮಿತಿಯ ಆಶಯ ದೊಡ್ಡದಿತ್ತು, ಹಳ್ಳಿಯವನಿಗೆ ಎರಡನೇ ದರ್ಜೆಯ ಡಾಕ್ಟರು ಯಾಕೆ ಎಂಬುದು ನ್ಯಾಯದ ಪ್ರಶ್ನೆಯೇ. ಕೋರ್ಸು ಮುಚ್ಚುವ ಮಾತನ್ನು ನಾವು ಜಾರಿ ಮಾಡಿದೆವು. ಅದರ ಜೊತೆ ಸಮಿತಿ ಕೇಳಿದ ಹಳ್ಳಿ ಆಸ್ಪತ್ರೆ, ಸಿಬ್ಬಂದಿ, ಹಣವನ್ನು ಮಾತ್ರ ಕೊಡಲಿಲ್ಲ. ಬಯಲುಸೀಮೆಯಲ್ಲಿ 30 ಸಾವಿರ, ಗುಡ್ಡಗಾಡಿನಲ್ಲಿ 20 ಸಾವಿರ ಜನಕ್ಕೆ ಒಂದು ಪಿಎಚ್‌ಸಿ ಎಂಬುದೇ ಇಂದಿನ ಲೆಕ್ಕ. ಅಷ್ಟು ಜನರನ್ನು ಹೆಚ್ಚಿನ ಕಡೆ ಒಬ್ಬರೇ ಡಾಕ್ಟರು ನೋಡಬೇಕು.

ಇನ್ನು ಕಲಿಸುವ ಬಗೆ. ಎಂಬಿಬಿಎಸ್ ವಿದ್ಯಾರ್ಥಿ ಇಂಟರ್ನ್‌ಶಿಪ್ ಸೇರಿ ಐದೂವರೆ ವರ್ಷ ಕಲಿಯುವುದು ಹೆಚ್ಚಾಗಿ ನೂರಾರು ಹಾಸಿಗೆಯ ಆಸ್ಪತ್ರೆಯಲ್ಲಿ. ಅಲ್ಲಿ ಕಲಿಸುವವರೆಲ್ಲ ಒಂದೊಂದು ಅಂಗದ ತಜ್ಞರು. ಹಳ್ಳಿಯಲ್ಲಿ ಒಂಟಿಯಾಗಿ ಕೂತು ತೀರ್ಮಾನ ಮಾಡುವುದನ್ನು ಅವನಿಗೆ ಕಲಿಸಬಲ್ಲ ಗುರುವೇ ಕಾಲೇಜಿನಲ್ಲಿ ಇಲ್ಲ. ಫ್ಯಾಮಿಲಿ ಮೆಡಿಸಿನ್ ವಿಭಾಗ ನಮ್ಮ ಕಾಲೇಜುಗಳಲ್ಲಿ ಅಪರೂಪ. ಬರೀ ಎಂಬಿಬಿಎಸ್ಸಾ ಎಂಬ ಮಾತನ್ನು ಅವನು ಮನೆಯಲ್ಲೂ ಮದುವೆಯ ಮಾತುಕತೆಯಲ್ಲೂ ಕೇಳುತ್ತಾನೆ. ಇಷ್ಟಾದ ಮೇಲೆ ಕಡ್ಡಾಯ ಗ್ರಾಮೀಣ ಸೇವೆ ಎಂದು ಒಂದು ವರ್ಷಕ್ಕೆ ಕಳಿಸುವ ದಾರಿ ಹಿಡಿದೆವು. ಕರ್ನಾಟಕ 2012ರಲ್ಲಿ ಅದಕ್ಕೊಂದು ಕಾಯ್ದೆಯನ್ನೇ ಮಾಡಿತು. ಹಾಗೆ ಹೋದ ಹುಡುಗ ಪಿಎಚ್‌ಸಿಯ ಕೋಣೆಯಲ್ಲಿ ಪಿಜಿ ನೀಟ್ ಪುಸ್ತಕ ತೆರೆದಿಟ್ಟುಕೊಂಡು ದಿನ ಎಣಿಸುತ್ತಾನೆ. ಊರಿನವರ ಹೆಸರು ನಾಲಗೆಗೆ ಬರುವ ಹೊತ್ತಿಗೆ ಅವಧಿ ಮುಗಿಯುತ್ತದೆ, ಮುಂದಿನವನು ಮೊದಲಿನಿಂದ ಶುರು ಮಾಡುತ್ತಾನೆ. ಹಳ್ಳಿ ಡಾಕ್ಟರ ಶಕ್ತಿ ಇರುವುದು ವರ್ಷಗಳಲ್ಲಿ. ವರ್ಷಕ್ಕೊಬ್ಬರನ್ನು ಬದಲಿಸುವ ಕಾಯ್ದೆ ಆ ಬೇರನ್ನೇ ಕೀಳುತ್ತದೆ.

ಹಳೆಯ ಕಾಲವನ್ನು ಹಾಗೇ ತಂದುಕೊಡಿ ಎಂದು ನಾನು ಕೇಳುತ್ತಿಲ್ಲ. ಆ ಕಾಲದಲ್ಲಿ ಒಂದೇ ಸೂಜಿಯನ್ನು ಹತ್ತು ಜನಕ್ಕೆ ಚುಚ್ಚಿದವರಿದ್ದರು, ಜಾತಿ ಕೇಳಿ ನಾಡಿ ಹಿಡಿದವರಿದ್ದರು. ಇಂದಿಗೂ ಪ್ರತಿ ಸುಸ್ತಿಗೂ ಗ್ಲೂಕೋಸ್ ಬಾಟಲಿ ನೇತುಹಾಕುವವರು, ಮಂಡಿನೋವಿಗೆ ಸ್ಟಿರಾಯ್ಡ್ ಚುಚ್ಚಿ ಬೆಳಗಾಗುವುದರೊಳಗೆ ಹೆಸರು ಮಾಡುವವರು ಇದ್ದಾರೆ. ಕಲಿತ ಡಾಕ್ಟರು ಖಾಲಿ ಬಿಟ್ಟ ಕುರ್ಚಿಯಲ್ಲೇ ಅವರು ಬಂದು ಕೂತದ್ದು. ಆಶಾ ಕಾರ್ಯಕರ್ತೆಯರು, ನರ್ಸುಗಳು, ಈಚಿನ ಸಮುದಾಯ ಆರೋಗ್ಯ ಅಧಿಕಾರಿಗಳು ಮಾಡುತ್ತಿರುವ ಕೆಲಸ ದೊಡ್ಡದು, ಆದರೆ ಅವರು ಸಂಶಯ ಬಂದಾಗ ಕೇಳಲು ಒಬ್ಬ ಡಾಕ್ಟರು ಬೇಕು, ಇಲ್ಲದಿದ್ದರೆ ಅವರ ಕೈಗೂ ರೆಫರ್ ಚೀಟಿಯೊಂದೇ ಉಳಿಯುತ್ತದೆ. ಇದು ಆಗದ ಮಾತೂ ಅಲ್ಲ. ಬಿಳಿಗಿರಿರಂಗನ ಬೆಟ್ಟದಲ್ಲಿ ಸೋಲಿಗರ ನಡುವೆ ಕೆಲಸ ಶುರು ಮಾಡಿದ ಡಾ. ಸುದರ್ಶನ್, ಯುವ ವೈದ್ಯರನ್ನು ಕಟ್ಟಿಕೊಂಡು ಹೆಗ್ಗಡದೇವನಕೋಟೆಯ ಹಾಡಿಗಳಿಗೆ ಹೋದ ಡಾ. ಬಾಲಸುಬ್ರಹ್ಮಣ್ಯಂ ಅವರಂಥವರು ಮಾಡಿ ತೋರಿಸಿದ್ದಾರೆ. ಅವರು ಒಂಟಿ ವೀರರಾಗಿ ಉಳಿಯಲಿಲ್ಲ. ಕಲಿಸಿದರು, ಜೊತೆಗೆ ತಂಡ ಕಟ್ಟಿದರು. ಸರ್ಕಾರ ಅವರನ್ನು ಹೊಗಳಿದಷ್ಟು ಅನುಸರಿಸಲಿಲ್ಲ.

ಬೇಕಾದದ್ದು ಏನೆಂದು ಎಲ್ಲರಿಗೂ ಗೊತ್ತಿದೆ. ಒಂದು ಪಿಎಚ್‌ಸಿಗೆ ಇಬ್ಬರು ಡಾಕ್ಟರು, ಇಬ್ಬರಿಗೂ ರಜೆ ಸಿಗುವ ಹಾಗೆ. ಐದಾರು ವರ್ಷ ಒಂದೇ ಕಡೆ ಇದ್ದವರಿಗೆ ಪಿಜಿಯಲ್ಲಿ, ಬಡ್ತಿಯಲ್ಲಿ ನಿಜವಾದ ಆದ್ಯತೆ. ಇರಲು ಸೋರದ ಮನೆ. ಪ್ರತಿ ಮೆಡಿಕಲ್ ಕಾಲೇಜಿನಲ್ಲಿ ಹಳ್ಳಿಯಲ್ಲಿ ಕೆಲಸ ಮಾಡಿ ಬಂದವರೇ ಕಲಿಸುವ ಒಂದು ವಿಭಾಗ. ತಾಲ್ಲೂಕಿಗೊಂದು ಹೊಸ ಆಂಬುಲೆನ್ಸಿಗೆ ಹಸಿರು ಬಾವುಟ ತೋರಿಸುವ ಚಿತ್ರ ಪತ್ರಿಕೆಯಲ್ಲಿ ಬರುತ್ತದೆ, ಸೋರದ ಕ್ವಾರ್ಟರ್ಸಿನ ಚಿತ್ರ ಬರುವುದಿಲ್ಲ. ಅದಕ್ಕೇ ಅದು ಆಗುತ್ತಲೂ ಇಲ್ಲ. ಆದ್ದರಿಂದ ಕೇಳಬೇಕಾದವರು ನಾವು. ನಿಮ್ಮ ಪಿಎಚ್‌ಸಿಗೆ ಆರೋಗ್ಯ ರಕ್ಷಾ ಸಮಿತಿ ಎಂಬುದೊಂದಿದೆ, ನಿಮ್ಮ ಊರಿಗೆ ಗ್ರಾಮಸಭೆ ಇದೆ. ಮುಂದಿನ ಸಭೆಯಲ್ಲಿ ಎದ್ದು ನಿಂತು ಎರಡೇ ಪ್ರಶ್ನೆ ಕೇಳಿ: ನಮ್ಮ ಪಿಎಚ್‌ಸಿಯಲ್ಲಿ ಕಳೆದ ಹತ್ತು ವರ್ಷದಲ್ಲಿ ಎಷ್ಟು ಡಾಕ್ಟರು ಬಂದು ಹೋದರು, ಯಾಕೆ ಹೋದರು? ಉತ್ತರವನ್ನು ನಡಾವಳಿ ಪುಸ್ತಕದಲ್ಲಿ ಬರೆಸದೆ ಮನೆಗೆ ಹೋಗಬೇಡಿ.